ಹೆಚ್ಚಾದ ಬಳೆಗಳು

ಕಾವೇರಿ ಕನಿಕರವಿಲ್ಲದ ಹೆಂಗಸು. ಇದು ವೈರಿಗಳು ಕಟ್ಟಿದ ಮಾತಲ್ಲ. ಬೆಟಗೇರಿಯಲ್ಲಿ ಅವಳಿಗೆ ಮಾಳಿಗೆಯ ಕೋಣೆ ಬಾಡಿಗೆಗೆ ಕೊಟ್ಟ ಅಲ್ಮಾಸಬಿ, ಬೆಳ್ಳಟ್ಟಿಯಲ್ಲಿರುವ ಒಡಹುಟ್ಟಿದ ಅಣ್ಣ, ಅವಳ ಕ್ಯಾಮರಾದ ಮುಂದೆ ತಿಂಗಳುಗಟ್ಟಲೆ ರೊಟ್ಟಿ ಬಡಿದ ಹೆಂಗಸರು, ಯಾರನ್ನು ಕೇಳಿದರೂ ಇದನ್ನೇ ಹೇಳುತ್ತಿದ್ದರು. ಕಿವಿಗೆ ಬಿದ್ದರೆ ಅವಳೂ ಅಲ್ಲಗಳೆಯುತ್ತಿರಲಿಲ್ಲ. ಕನಿಕರಕ್ಕೆ ತೆಗೆದ ಪಿಚ್ಚರಿನಲ್ಲಿ ಮನುಷ್ಯರು ಕಾಣುವುದಿಲ್ಲ, ತೆಗೆದವರ ಕನಿಕರವಷ್ಟೇ ಕಾಣುತ್ತದೆ ಎನ್ನುವುದು ಅವಳ ಅಭಿಪ್ರಾಯ.

ಅವಳು ತೆಗೆಯುತ್ತಿದ್ದುದು ಸಾಕ್ಷ್ಯಚಿತ್ರ. ಶಿರಹಟ್ಟಿ, ಮುಂಡರಗಿ ತಾಲೂಕುಗಳ ಯಾವುದಾದರೂ ಹಳ್ಳಿಯಲ್ಲಿ ಒಂದು ಮನೆ ಹಿಡಿದು, ವರ್ಷವಿಡೀ ಹೋಗಿ ಬಂದು, ಆ ಮನೆಯವರು ಏಳುವುದು, ಉಣ್ಣುವುದು, ಬೈದಾಡುವುದು, ದನ ಕಟ್ಟುವುದು ತೆಗೆಯುತ್ತಿದ್ದಳು. ಬೆನ್ನಿಗೆ ಯಾವ ಕಂಪನಿಯೂ ಇರಲಿಲ್ಲ. ಮದುವೆಯ ದಿನಗಳಲ್ಲಿ ಗದಗಿನ ಸ್ಟುಡಿಯೊಗಳಿಗೆ ಮದುವೆ ವಿಡಿಯೊ ಜೋಡಿಸಿಕೊಟ್ಟು ಹೊಟ್ಟೆ ಹೊರೆಯುತ್ತಿದ್ದಳು. ಉಳಿದ ದಿನಗಳು ಅವಳವು.

ಅವಳು ಡೋಣಿ ಎಂಬ ಹಳ್ಳಿಗೆ ಮೊದಲ ಸಲ ಬಂದದ್ದು ಅಲ್ಲಿಯ ದೇವವ್ವಳಿಗೆ ಚೆನ್ನಾಗಿ ನೆನಪಿತ್ತು. ಹಿಂಗಾರಿ ಜೋಳ ಮೊಣಕಾಲೆತ್ತರ ಬಂದಿತ್ತು. ಕಪ್ಪತಗುಡ್ಡದ ಕಡೆಯಿಂದ ಬೀಸುವ ಗಾಳಿಗೆ ಮೈತುಂಬ ಕೆಂಪು ಧೂಳು ಬಡಿಸಿಕೊಂಡು, ಸ್ಕೂಟಿ ನಿಲ್ಲಿಸಿ, ಚೂಡಿದಾರದ ಮೇಲೆ ಗಂಡಸರ ಅಂಗಿ ತೊಟ್ಟ ಹೆಂಗಸೊಂದು ಅಂಗಳದೊಳಗೆ ಬಂತು. ಕಟ್ಟೆಯ ಮೇಲೆ ತೊಗರಿಬೇಳೆ ಹಸನು ಮಾಡುತ್ತಿದ್ದ ಅತ್ತೆ ಗದಿಗೆವ್ವ ಮೊರ ಕೆಳಗಿಟ್ಟಳು.

"ರೇಷನ್ ಕಾರ್ಡಿನಾಕೇನವಾ?"

"ಅಲ್ರಿ. ಪಿಚ್ಚರ್ ತಗಿಯಾಕಿ."

"ಪಿಚ್ಚರ್ ತಗಿಯಾಕ ನಮ್ಮನ್ಯಾಗ ಏನೈತಿ? ಒಂದ ಎಮ್ಮಿ ಐತಿ, ಅದೂ ಒದಿತೈತಿ."

"ಅದನ್ನ ತಗೀತೀನಿ."

"ಒದಿಯೂದನ್ನ?"

"ಒದ್ರ ಒದಿಯೂದನ್ನ."

ದೇವವ್ವಳ ಗಂಡ ಹುಲಗಪ್ಪ ಹೊಲದಿಂದ ಬಂದವನು ಬಾಗಿಲಲ್ಲೇ ನಿಂತು ಕೇಳಿದ, "ಇದರಿಂದ ನಮಗೇನ ಸಿಗತೈತ್ರಿ?"

"ಏನೂ ಸಿಗೂದಿಲ್ರಿ. ಬ್ಯಾಡಂದ್ರ ಈಗ ಹೇಳಿಬಿಡ್ರಿ, ಹೋಗ್ತೀನಿ."

"ಹೋಗ್ತೀನಿ ಅನಬಾರದವಾ, ಬರ್ತೀನಿ ಅನಬೇಕು," ಎಂದಳು ಗದಿಗೆವ್ವ.

"ಹೋಗಾಕಿ ಬರ್ತೀನಿ ಅಂತ ಯಾಕ ಅನ್ಲಿ?"

ಮುದುಕಿ ಸೊಸೆಯ ಮುಖ ನೋಡಿದಳು. ಹುಲಗಪ್ಪನಿಗೆ ಮಾತ್ರ ಈ ಉತ್ತರ ರುಚಿಸಿತು. ಆಸೆ ತೋರಿಸದೆ ಬಂದವರನ್ನು ಅವನು ಅದೇ ಮೊದಲು ನೋಡಿದ್ದ. "ಬರ್ಲಿ ಬಿಡು," ಎಂದ. ಕಾವೇರಿ ಮರುದಿನದಿಂದ ಬರತೊಡಗಿದಳು.

ಅವಳ ಕೆಲಸದ ರೀತಿಗೆ ಮನೆಯವರು ಹೊಂದಿಕೊಳ್ಳಲು ಹೊತ್ತು ಹಿಡಿಯಿತು. ಮೊದಮೊದಲು ದೇವವ್ವ ಒಳ್ಳೆಯ ಸೀರೆ ಉಟ್ಟು ಕೊಟ್ಟಿಗೆ ಬಳಿದಳು. ಕಾವೇರಿ ಬೇಡವೆನ್ನಲಿಲ್ಲ. ಸೀರೆಗೆ ಸಗಣಿ ಹತ್ತುವುದನ್ನು ತೆಗೆದಳು. ಮಾರನೆಯ ದಿನದಿಂದ ದೇವವ್ವ ತಾನಾಗಿಯೇ ಹಳೆಯದನ್ನು ಉಟ್ಟಳು. ಒಮ್ಮೆ ಜೋಳದ ಕಣಿಕೆಯ ಹೊರೆ ತಲೆಯ ಮೇಲೆ ಹೊತ್ತು ಬಂದಾಗ ಗಾಳಿಗೆ ಹಿತ್ತಲ ಬಾಗಿಲು ಹಾಕಿಕೊಂಡಿತ್ತು. ಕಾವೇರಿ ಒಳಗೇ ನಿಂತಿದ್ದಳು, ಕೈ ಚಾಚಿದರೆ ಅಗುಳಿ. ಅವಳು ಕೈ ಚಾಚಲಿಲ್ಲ. ದೇವವ್ವ ಕಾಲಿನಿಂದ ಬಾಗಿಲು ಒದ್ದು, ಕುತ್ತಿಗೆ ಓರೆ ಮಾಡಿ, ಹೊರೆಯ ಅರ್ಧ ಕಣಿಕೆ ಕೆಡವಿಕೊಂಡು ಒಳಗೆ ಬಂದಳು.

"ಅಕ್ಕಾರ, ನಾ ಬಿದ್ದ ಸತ್ರೂ ಹಿಂಗ ತಕ್ಕೋತ ನಿಂದರತೀರೇನು?"

"ಬೆಳಕ ಚಲೋ ಇದ್ರ ತಗೀತೀನಿ," ಎಂದಳು ಕಾವೇರಿ. ದೇವವ್ವ ಅದನ್ನು ಚೇಷ್ಟೆ ಎಂದುಕೊಂಡಳು. ಆಮೇಲೆ, ಅಲ್ಲವೇನೋ ಎನಿಸಿತು.

ಕ್ಯಾಮರಾ ಚಾರ್ಜಿಗೆ ಹಾಕಿದ ಹೊತ್ತಿನಲ್ಲಿ ಕಾವೇರಿ ಅಡುಗೆಮನೆಯ ಹೊಸ್ತಿಲಿಗೆ ಕೂರುತ್ತಿದ್ದಳು. ಹಾಕಿದ್ದನ್ನು ಉಣ್ಣುವಳು, ಚಲೋ ಆಗೇತಿ ಎಂದು ಒಮ್ಮೆಯೂ ಅನ್ನಲಿಲ್ಲ. ಕೇಳಿದ್ದಕ್ಕೆ ಉತ್ತರ ಕೊಡುವಳು, ಹೆಚ್ಚಿಲ್ಲ ಕಡಿಮೆಯಿಲ್ಲ. ಹಾಗೆ ತುಂಡುತುಂಡಾಗಿ ದೇವವ್ವ ಅವಳ ಬದುಕನ್ನು ತಿಳಿದುಕೊಂಡಳು. ಹುಟ್ಟಿದ್ದು ಬೆಳ್ಳಟ್ಟಿ, ತಂದೆ ಶಾಲೆ ಮಾಸ್ತರ. ಓದಿದ್ದು ಧಾರವಾಡ. ಲಕ್ಷ್ಮೇಶ್ವರಕ್ಕೆ ಕೊಟ್ಟಿದ್ದರು, ಒಗೆತನ ಹೊಂದಲಿಲ್ಲ. ಹುಬ್ಬಳ್ಳಿಯಲ್ಲಿ ಒಂದು ಟಿವಿ ಚಾನೆಲ್ಲಿನ ನೌಕರಿ. ಮಳೆಗೆ ಮನೆ ಬಿದ್ದ ಹೆಂಗಸೊಬ್ಬಳು ಅತ್ತದ್ದು ಸರಿಯಾಗಿ ಬಂದಿಲ್ಲ, ಇನ್ನೊಮ್ಮೆ ಅಳಿಸು ಎಂದು ಮೇಲಿನವರು ಹೇಳಿದ ದಿನ ಅದನ್ನು ಬಿಟ್ಟಳು.

"ಪಾಪ ಅನಿಸಿತೇನ್ರಿ ಆಕೀನ ನೋಡಿ?" ದೇವವ್ವ ಕೇಳಿದ್ದಳು.

"ಪಾಪದ್ದೇನಿಲ್ಲ. ಎರಡನೇ ಅಳು ಸುಳ್ಳ ಆಗತಿತ್ತು."

ಸುಳ್ಳು ಎನ್ನುವುದು ಅವಳಿಗೆ ಒಂದು ಬಗೆಯ ಹೊಲಸು. ಅದಕ್ಕೆ ಅವಳು ಬೆಲೆಯನ್ನೂ ತೆತ್ತಿದ್ದಳು. ಬೆಳ್ಳಟ್ಟಿಯಲ್ಲಿ ಅಣ್ಣನ ಹೊಲದ ಉಳ್ಳಾಗಡ್ಡಿ ಹೆಚ್ಚುವ ಕೂಲಿ ಹೆಂಗಸರ ಮೇಲೆ ಪಿಚ್ಚರ್ ತೆಗೆದಾಗ, ತಡವಾಗಿ ಬಂದವರನ್ನು ಅವಳ ಅಣ್ಣ ಕನಕರಾಜ ಬಾಯಿಗೆ ಬಂದಂತೆ ಬೈದದ್ದು ಅದರಲ್ಲಿ ಬಂದಿತ್ತು. ತೆಗೆದುಹಾಕು ಎಂದು ಅವನು ಹೇಳಿ ಕಳಿಸಿದ. ಅವಳು ತೆಗೆಯಲಿಲ್ಲ. ಅಂದಿನಿಂದ ಕನಕರಾಜ ನಾಗರಪಂಚಮಿಗೆ ತಂಗಿಯನ್ನು ಕರೆಯಲು ಬರುವುದನ್ನು ಬಿಟ್ಟ. ಪಂಚಮಿಗೆ ಅಣ್ಣ ಬಾರದ ಹೆಣ್ಣನ್ನು ಈ ಕಡೆ ಜನ ಹೇಗೆ ನೋಡುತ್ತಾರೆಂದು ಅವಳಿಗೆ ಗೊತ್ತಿತ್ತು. ಹಮ್ಮಿಗಿಯ ಸಂಗತಿ ಎಲ್ಲರ ಬಾಯಲ್ಲಿದ್ದದ್ದು. ಅಲ್ಲಿ ಪಂಚಾಯ್ತಿ ಅಧ್ಯಕ್ಷನಾಗಿದ್ದ ಪುಂಡಲೀಕಪ್ಪ ಗ್ರಾಮಸಭೆಯಲ್ಲಿ ಗೊರಕೆ ಹೊಡೆದದ್ದನ್ನು ಅವಳು ಪಿಚ್ಚರಿನಲ್ಲಿ ಹಾಗೇ ಉಳಿಸಿದ್ದಳು. ಅವನು ಮೊದಲು ನಕ್ಕು ಹೇಳಿದ, ಆಮೇಲೆ ಗದರಿ ಹೇಳಿದ, ಕೊನೆಗೆ ಕೈ ಮುಗಿದ. ತೋರಿಸುವ ದಿನ ಊರಿನ ಕರೆಂಟು ಹೋಯಿತು. ಕಾವೇರಿ ಜನರೇಟರ್ ತರಿಸಿ ಗೊರಕೆಯನ್ನು ಊರಿಗೆಲ್ಲ ಕೇಳಿಸಿದಳು. ತೆಗೆದ ಪಿಚ್ಚರನ್ನು ಬೇರೆಲ್ಲೂ ಕಳಿಸುವ ಮೊದಲು ಆ ಊರಿನಲ್ಲೇ ತೋರಿಸುವುದು ಅವಳ ರೂಢಿ.

ಬಳೆಯ ಸಂಗತಿ ನಡೆದದ್ದು ಬೇಸಿಗೆ ಹತ್ತುವ ಹೊತ್ತಿಗೆ.

ದೇವವ್ವ ಎಮ್ಮೆಯನ್ನು ಕಟ್ಟುತ್ತಿದ್ದಳು. ಕಾವೇರಿ ಹಿಂದೆ, ಕೊಟ್ಟಿಗೆಯ ಬಾಗಿಲಲ್ಲಿ ನಿಂತು ತೆಗೆಯುತ್ತಿದ್ದಳು. ಎಮ್ಮೆ ತಲೆ ಎತ್ತಿ ಹಗ್ಗ ಜಗ್ಗಿತು, ದೇವವ್ವಳ ಕೈ ಮೇವು ಹಾಕುವ ಗ್ವಾದಲಿಯ ಕಲ್ಲಿಗೆ ಬಡಿಯಿತು, ಹಸಿರು ಬಳೆಗಳು ಚೂರಾದವು. ಅವಳು ಕೈ ಜಾಡಿಸಿ ಏನೋ ಒಂದು ಮಾತು ಅಂದು ಜೋರಾಗಿ ನಕ್ಕಳು. ಅಷ್ಟೆ. ಅಂಗಳದ ಕಟ್ಟೆಯ ಮೇಲೆ ಗದಿಗೆವ್ವ ಕೂತಿದ್ದಳು.

ಆ ಮಾತು ಏನೆಂಬುದು ಆವತ್ತು ಯಾರಿಗೂ ಬೇಕಿರಲಿಲ್ಲ. ಮುತ್ತೈದೆಯ ಬಳೆ ಒಡೆದರೆ ಒಡೆದವು ಎನ್ನಬಾರದು, ಹೆಚ್ಚಾದವು ಎನ್ನಬೇಕು. ಚಿಕ್ಕ ಹುಡುಗಿಯರಿಗೂ ಗೊತ್ತಿರುವ ಮಾತಿದು. ಒಡೆಯುವುದು ಗಂಡ ಸತ್ತಾಗ. ಉಳಿದ ದಿನ ಬಳೆ ಹೆಚ್ಚಾಗುತ್ತವೆ, ಕರಿಮಣಿ ಹರಿದರೆ ಅದೂ ಹೆಚ್ಚಾಗುತ್ತದೆ.

ಮುಂಗಾರಿ ಹೆಸರು ಬಿತ್ತುವ ಹೊತ್ತಿಗೆ ಹುಲಗಪ್ಪ ಹೊಲದಿಂದ ನಡುಮಧ್ಯಾಹ್ನ ಮನೆಗೆ ಬಂದ, ಎದೆ ಹಿಡಿದಂಗಾಗೈತಿ ಎಂದ, ಮುಂಡರಗಿಗೆ ಒಯ್ಯುವಷ್ಟರಲ್ಲಿ ಸತ್ತ. ಕಾವೇರಿ ಸುದ್ದಿ ತಿಳಿದು ಕ್ಯಾಮರಾ ಸಮೇತ ಬಂದಳು. "ತಗೀಲೇನು?" ಎಂದು ಹುಲಗಪ್ಪನ ತಮ್ಮ ಭೀಮೇಶನನ್ನು ಕೇಳಿದಳು. ಅವನು ಬ್ಯಾಡ್ರಿ ಎಂದ. ಕ್ಯಾಮರಾ ಚೀಲದೊಳಗೆ ಹಾಕಿ, ಹೂಳುವತನಕ ಗೋಡೆಗೆ ಒರಗಿ ಕೂತಿದ್ದು ಎದ್ದು ಹೋದಳು. ದೇವವ್ವಳ ಹತ್ತಿರ ಬರಲಿಲ್ಲ. ಉಳಿದ ಬಳೆಗಳನ್ನು ಆವತ್ತು ಊರಿನ ಹೆಂಗಸರು ಒಡೆದರು.

ದಿನಕರ್ಮ ಮುಗಿದ ಮೇಲೆ ಗದಿಗೆವ್ವ ಬಾಯಿ ಬಿಟ್ಟಳು. ಸೊಸೆ ಮುಂದಿಟ್ಟ ತಾಟನ್ನು ಕೈಯಿಂದ ಸರಿಸಿ ಹೇಳಿದಳು:

"ಎಮ್ಮಿ ಜಗ್ಗಿದ ದಿನ ನೀ ಏನ ಅಂದಿ?"

"ಏನ ಅಂದ್ನಿ, ಅತ್ತಿ?"

"ಬಳಿ ಒಡದ್ವು ಅಂದಿ. ನನ್ನ ಮಗಾ ಇನ್ನೂ ಹೊಲದಾಗ ತಿರಗ್ಯಾಡತಿದ್ದ, ನೀ ಒಡದ್ವು ಅಂದಿ. ಅಂದು ನಕ್ಕಿ."

"ಹೆಚ್ಚಾದ್ವು ಅಂದಿರಬೇಕು, ಅತ್ತಿ. ಹಂಗ್ಯಾಕ ಅನ್ಲಿ ನಾ?"

"ಆಕಿ ಸಂಗಾಟ ಕುಂತ ಕುಂತ ನಿನ್ನ ಬಾಯಿ ಬಿಚ್ಚೈತಿ. ಆಕೀಗೆ ಹೋಗೂದೂ ಬರೂದೂ ಗೊತ್ತಿಲ್ಲ, ಇರೂದೂ ಸಾಯೂದೂ ಗೊತ್ತಿಲ್ಲ."

ಅಂದಿನಿಂದ ಗದಿಗೆವ್ವ ಹಿರಿಯ ಸೊಸೆಯ ಕೈಯಿಂದ ಉಣ್ಣುವುದನ್ನು ಬಿಟ್ಟಳು. ಎದುರು ಓಣಿಯ ಭೀಮೇಶನ ಮನೆಯಿಂದ ಅವನ ಹೆಂಡತಿ ಶೃತಿ ಹೊತ್ತುಹೊತ್ತಿಗೆ ತಾಟಿನ ಮೇಲೆ ತಾಟು ಮುಚ್ಚಿಕೊಂಡು ತಂದುಕೊಡುವಳು. ಮುದುಕಿ ದೇವವ್ವಳ ಕಟ್ಟೆಯ ಮೇಲೇ ಕೂತು, ದೇವವ್ವಳ ಕಣ್ಣೆದುರೇ ಅದನ್ನು ಉಣ್ಣುವಳು. ದೇವವ್ವ ಮದುವೆಯಾಗಿ ಬಂದಾಗಿನಿಂದ ಆ ಮುದುಕಿಗೆ ಅವಳನ್ನು ಬಿಟ್ಟು ಬೇರೆಯವರು ಬಡಿದ ರೊಟ್ಟಿ ಸೇರುತ್ತಿರಲಿಲ್ಲ ಎನ್ನುವುದು ಓಣಿಗೆಲ್ಲ ಗೊತ್ತಿತ್ತು. ಈಗ ಆ ಮುಚ್ಚಿದ ತಾಟು ಓಣಿ ದಾಟುವಾಗಲೆಲ್ಲ ನೋಡಿದವರು ಅದರ ಅರ್ಥ ಮಾಡಿಕೊಳ್ಳುತ್ತಿದ್ದರು. ನಳದ ಹತ್ತಿರ ದೇವವ್ವಳ ಕೊಡ ಎತ್ತಿಕೊಡಲು ಯಾರೂ ಕೈ ಹಚ್ಚದಾದರು. ಒಂದು ಸೀಮಂತಕ್ಕೆ ಶೃತಿಯನ್ನಷ್ಟೇ ಕರೆದರು. ವಿಧವೆ ಎಂಬ ಕಾರಣಕ್ಕೆ ಕರೆಯದಿದ್ದರೆ ದೇವವ್ವಳಿಗೆ ಅಷ್ಟು ಮನಸ್ಸಿಗೆ ಹತ್ತುತ್ತಿರಲಿಲ್ಲ. ಊರಲ್ಲಿ ವಿಧವೆಯರು ಬೇಕಾದಷ್ಟಿದ್ದರು. ಇದು ಬೇರೆ. ಗಂಡನನ್ನು ಬಾಯಿಂದ ಕಳಕೊಂಡವಳು ಎನ್ನುವ ಮಾತು ಇದು.

ದೇವವ್ವ ನೆನಪು ಮಾಡಿಕೊಳ್ಳಲು ನೋಡಿದಳು. ಎಮ್ಮೆಯ ತಲೆ, ಹಗ್ಗದ ಉರಿ, ನಗು, ಎಲ್ಲ ನೆನಪಾಗುತ್ತಿತ್ತು. ಮಾತು ಮಾತ್ರ ನೆನಪಾಗಲಿಲ್ಲ. ಯಾರೋ ಒಬ್ಬರು ನಡುವೆ ಬಂದು ಹೇಳಿದರು: ಅದಕ್ಯಾಕ ಜಗಳ, ಪಿಚ್ಚರಿನಾಗ ಐತಲ್ಲ. ಈ ಮಾತು ಗದಿಗೆವ್ವಳಿಗೂ ಒಪ್ಪಿಗೆಯಾಯಿತು. "ಬರ್ಲಿ ಪಿಚ್ಚರು. ನನ್ನ ಕಿವಿ ಸುಳ್ಳಾಗಿದ್ರ ಅವತ್ತ ಆಕಿ ಕೈಯಾಗ ಉಣ್ತೀನಿ," ಎಂದಳು. ಹೀಗೆ ಡೋಣಿಯ ಜನ ಕಾವೇರಿಯ ಪಿಚ್ಚರಿಗೆ ದಾರಿ ಕಾಯತೊಡಗಿದರು.

ಕಾವೇರಿ ಬಂದದ್ದು ಮಳೆಗಾಲದ ಕೊನೆಗೆ, ತೋರಿಸುವ ದಿನ ಗೊತ್ತು ಮಾಡಲು. ದೇವವ್ವ ಅವಳನ್ನು ಅಡುಗೆಮನೆಯೊಳಗೆ ಕರೆದು ಎಲ್ಲ ಹೇಳಿದಳು. ಕಾವೇರಿ ಕೇಳಿಸಿಕೊಂಡು ಹೇಳಿದಳು:

"ಮಾತಿಗೆ ಮನುಷ್ಯಾ ಸಾಯೂದಿಲ್ಲ, ದೇವವ್ವ."

"ಅದು ನನಗೂ ಗೊತ್ತೈತ್ರಿ. ಅದನ್ನ ಯಾರ ಕೇಳಿದ್ರು ನಿಮ್ಮನ್ನ? ನಾ ಏನ ಅಂದ್ನಿ ಅಷ್ಟ ಹೇಳ್ರಿ."

ಕಾವೇರಿ ಲ್ಯಾಪ್‌ಟಾಪು ತೆರೆದು, ದೇವವ್ವಳ ಕಿವಿಗೆ ಹೆಡ್‌ಫೋನ್ ಇಟ್ಟಳು. ಎಮ್ಮೆ ಜಗ್ಗಿತು. ದೇವವ್ವ ತನ್ನ ದನಿಯನ್ನು ತಾನೇ ಕೇಳಿದಳು: "ಒಡದ್ವು ನೋಡ್ರಿ." ಆಮೇಲೆ ಆ ನಗು.

ಅವಳು ಹೆಡ್‌ಫೋನ್ ತೆಗೆದು ಕೆಳಗಿಟ್ಟಳು. ಒಲೆಯ ಮೇಲಿನ ಹಂಚಿನಲ್ಲಿ ರೊಟ್ಟಿ ಸುಡುತ್ತಿತ್ತು. ಅದನ್ನು ತಿರುವಿ ಹಾಕಿದಳು.

"ಅಂದೀನಿ," ಎಂದಳು.

"ಅಂದಿ."

"ಆ ಒಂದ ಮಾತ ತಗದ್ರ ಪಿಚ್ಚರ್ ಕೆಡತೈತೇನ್ರಿ?"

"ಕೆಡತೈತಿ."

"ಮಂದೀಗೆ ತೋರಸೂದು ಇದನ್ನ?"

"ಇದನ್ನ."

"ಆತ ಬಿಡ್ರಿ," ಎಂದಳು ದೇವವ್ವ. ಸುಟ್ಟ ರೊಟ್ಟಿಯನ್ನು ಬದಿಗಿಟ್ಟು ಇನ್ನೊಂದನ್ನು ಬಡಿದು ಕಾವೇರಿಯ ತಾಟಿಗೆ ಹಾಕಿದಳು. ಪುಂಡಲೀಕಪ್ಪ ಕೈ ಮುಗಿದದ್ದು ಅವಳಿಗೆ ಗೊತ್ತಿತ್ತು. ತಾನು ಮುಗಿಯಲಿಲ್ಲ. ಕಾವೇರಿ ಉಂಡು, ಕೈ ತೊಳೆದುಕೊಂಡು, ಹೋಗ್ತೀನಿ ಎಂದು ಹೇಳಿ ಹೋದಳು.

ತೋರಿಸುವ ದಿನ ಶಾಲೆಯ ಗೋಡೆಗೆ ಬಿಳಿ ಬಟ್ಟೆ ಕಟ್ಟಿದರು. ಹೊತ್ತು ಮುಳುಗುವ ಮೊದಲೇ ಅಂಗಳ ತುಂಬಿತ್ತು. ದೇವವ್ವ ಹೋಗದಿರಬಹುದಿತ್ತು. ಹೋಗದಿದ್ದರೆ ಅದೇ ಒಪ್ಪಿಕೊಂಡಂತೆ ಎಂದು ಹೋದಳು, ಹೋಗಿ ಹಿಂದೆ ಕೂರಲಿಲ್ಲ, ಅತ್ತೆಯ ಚಾಪೆಯ ಪಕ್ಕದಲ್ಲೇ ಕೂತಳು. ಗದಿಗೆವ್ವಳ ಇನ್ನೊಂದು ಬದಿಗೆ ಶೃತಿ. ಕಾವೇರಿ ಲ್ಯಾಪ್‌ಟಾಪಿನ ಹಿಂದೆ ನಿಂತಿದ್ದಳು. ಬಂದಾಗಿನಿಂದ ದೇವವ್ವಳ ಕಡೆ ನೋಡಿರಲಿಲ್ಲ.

ಪಿಚ್ಚರ್ ಶುರುವಾಯಿತು. ಒಳ್ಳೆಯ ಸೀರೆಗೆ ಸಗಣಿ ಹತ್ತಿದ್ದನ್ನು ನೋಡಿ ಜನ ನಕ್ಕರು. ಹುಲಗಪ್ಪ ಬೇವಿನ ಕಡ್ಡಿ ಕಚ್ಚಿಕೊಂಡು ಅಂಗಳ ದಾಟಿದಾಗ ನಗು ನಿಂತಿತು. ಮುದುಕಿ ಸೆರಗಿನಿಂದ ಮೂಗು ಒರೆಸಿಕೊಂಡಳು. ಹೊರೆ ಬಂತು, ಬಾಗಿಲು ಬಂತು. "ಬಾಗಲಾ ತಗಿಯಾಕ ಏನಾಗಿತ್ತವಾ ನಿನಗ," ಎಂದು ಯಾರೋ ಹಿಂದಿನಿಂದ ಕಾವೇರಿಯನ್ನು ಕೇಳಿದರು.

ಕೊಟ್ಟಿಗೆ ಬಂತು. ತೆರೆಯ ಮೇಲೆ ದೇವವ್ವಳ ಬೆನ್ನು, ಅವಳಾಚೆ ಎಮ್ಮೆಯ ಕೋಡು. ಹಗ್ಗ ಬಿಗಿಯಿತು. ಕೈ ಕಲ್ಲಿಗೆ ಬಡಿಯಿತು. ದೇವವ್ವ ಚಾಪೆಯ ಅಂಚನ್ನು ಹಿಡಿದುಕೊಂಡಳು.

"ಹೆಚ್ಚಾದ್ವು ನೋಡ್ರಿ," ಎಂದಿತು ಅವಳ ದನಿ. ಆಮೇಲೆ ಅದೇ ನಗು.

ಜನ ಒಮ್ಮೆಲೇ ಮಾತಾಡತೊಡಗಿದರು. ದೇವವ್ವ ಮಾತ್ರ ಹಿಡಿದ ಅಂಚನ್ನು ಬಿಡಲಿಲ್ಲ. ದನಿ ಅವಳದೇ. ಮಾತೂ ಅವಳು ಆಡಿದ್ದೇ. ಆದರೆ ಎಮ್ಮೆಯ ಮುಂದೆ ಆಡಿದ್ದಲ್ಲ. ದನಿ ನೆಗಡಿಯಿಂದ ಕಟ್ಟಿತ್ತು, ಬಳೆ ಒಡೆದ ದಿನ ಅವಳಿಗೆ ನೆಗಡಿ ಇರಲಿಲ್ಲ. ನೆಗಡಿ ಇದ್ದದ್ದು ಚಳಿಗಾಲದಲ್ಲಿ, ಜೋಳದ ಡಬ್ಬಿಯ ತಳ ಕೆರೆದ ದಿನ. ಮನೆಯಲ್ಲಿ ಕಾಳು ತೀರಿದರೂ ತೀರಿದವು ಎನ್ನಬಾರದು, ಹೆಚ್ಚಾದವು ಎನ್ನಬೇಕು. ಅವಳು ಡಬ್ಬಿಯೊಳಗಿನಿಂದ ತಲೆ ಎತ್ತಿ ಅತ್ತೆಗೆ ಹೇಳಿದ್ದಳು: ಜ್ವಾಳ ಹೆಚ್ಚಾದ್ವು ನೋಡ್ರಿ. ಆವತ್ತೂ ಕಾವೇರಿ ಕ್ಯಾಮರಾ ಹಿಡಿದು ಬಾಗಿಲಲ್ಲಿದ್ದಳು. ಆ ದಿನದ ಮಾತನ್ನು ಕಾವೇರಿ ಬಿಡಿಸಿ ತಂದು ಈ ದಿನದೊಳಗೆ ಕೂರಿಸಿದ್ದಳು. ಬೆನ್ನು ತಿರುಗಿಸಿ ನಿಂತವಳ ಬಾಯಿ ತೆರೆಯ ಮೇಲೆ ಯಾರಿಗೂ ಕಾಣುವುದಿಲ್ಲ.

"ಮಾತ ಬದಲಿ ಮಾಡಿದ್ರ ಹೆಂಗ?" ಎಂದು ಗಂಡಸರ ಗುಂಪಿನಿಂದ ಒಬ್ಬ ಕೇಳಿದ.

"ಯಾರು, ಈ ಅಕ್ಕಾರಾ?" ಭೀಮೇಶ ತಿರುಗಿ ಕೂತು ಹೇಳಿದ. "ಹಮ್ಮಿಗಿ ಅಧ್ಯಕ್ಷ ಕೈ ಮುಗದ್ರೂ ಒಂದ ಗೊರಕಿ ಬಿಟ್ಟಿಲ್ಲ. ಒಡಹುಟ್ಟಿದ ಅಣ್ಣನ್ನ ಬಿಟ್ಟಿಲ್ಲ. ನಮ್ಮ ದೇವವ್ವನ್ನ ಬಿಡ್ತಾರೇನು?"

ಕೇಳಿದವನು ಹೌದೆನ್ನುವಂತೆ ತಲೆ ಹಾಕಿದ. ಒಬ್ಬಿಬ್ಬರು ನಕ್ಕರು.

ಗದಿಗೆವ್ವ ಮಾತ್ರ ಕಿವಿಗೆ ಕೈ ಹಚ್ಚಿಕೊಂಡು ಶೃತಿಯ ಮುಖ ನೋಡುತ್ತಿದ್ದಳು.

"ಏನಂದ್ಲು? ಈ ಗಾಳ್ಯಾಗ ನನಗೇನೂ ಕೇಳಲಿಲ್ಲ."

"ಹೆಚ್ಚಾದ್ವು ಅಂದ್ಲ್ರಿ, ಅತ್ತಿ."

"ನೀ ಹೇಳಬ್ಯಾಡ. ಪಿಚ್ಚರ್ ಹೇಳ್ಲಿ."

ಜನ ಕಾವೇರಿಯ ಕಡೆ ತಿರುಗಿದರು. ದೇವವ್ವಳೂ ತಿರುಗಿದಳು. ಕಾವೇರಿ ಪಿಚ್ಚರ್ ನಿಲ್ಲಿಸಿ, ಸ್ಟೂಲಿನ ಮೇಲಿದ್ದ ಸ್ಪೀಕರನ್ನು ಎರಡೂ ಕೈಯಿಂದ ಎತ್ತಿಕೊಂಡು, ವೈರು ಎಳೆಯುತ್ತ ಜನರ ನಡುವೆ ದಾರಿ ಮಾಡಿಕೊಂಡು ಬಂದಳು. ಚಾಪೆಯ ಮುಂದೆ ಅದನ್ನಿಟ್ಟು, ಅದರ ಬಾಯಿಯನ್ನು ಮುದುಕಿಯ ಕಿವಿಯ ಕಡೆ ತಿರುಗಿಸಿದಳು. ವಾಪಸು ಹೋಗಿ, ಎಮ್ಮೆ ತಲೆ ಎತ್ತುವ ಜಾಗಕ್ಕೆ ಪಿಚ್ಚರನ್ನು ಹಿಂದಕ್ಕೆ ಸರಿಸಿ, ದನಿ ಏರಿಸಿ, ಇನ್ನೊಮ್ಮೆ ಹಚ್ಚಿದಳು.